ಭೂತಕಾಲದ ಪಾಠ ಮತ್ತು ಕನ್ನಡದ ನೆರವು

ಕರಿಘಟ್ಟದ ಶ್ರೀನಿವಾಸನ ದರ್ಶನ ಮಾಡಿ ಬಂದ ಬಾಲಕನು ಇಂಗ್ಲಿಷ್ ಪ್ರಬಂಧದಲ್ಲಿ ‘ವಿ ವೆಂಟ್ ಟು ಕರಿಘಟ್ಟ’ ಎಂದು ಸರಿಯಾಗಿಯೇ ಬರೆಯುತ್ತಾನೆ. ಗೆಳೆಯನನ್ನು ಮಾತ್ರ ‘ಡಿಡ್ ಯು ವೆಂಟ್?’ ಎಂದು ಕೇಳುತ್ತಾನೆ. ಅಧ್ಯಾಪಕರ ಕೆಂಪು ಶಾಯಿ ತಪ್ಪನ್ನು ತೋರಿಸುತ್ತದೆಯೇ ಹೊರತು ಕಾರಣವನ್ನಲ್ಲ.

ಕಾರಣವಿರುವುದು ಕನ್ನಡದಲ್ಲಿ. ‘ಹೋದೆಯಾ?’ ಎಂಬಲ್ಲಿ ಭೂತಕಾಲದ ರೂಪವು ಹಾಗೆಯೇ ಉಳಿದು, ಕೊನೆಗೆ ಆಕಾರವೊಂದು ಸೇರುತ್ತದೆ. ಇಂಗ್ಲಿಷಿನಲ್ಲಾದರೋ ಕಾಲದ ಭಾರವನ್ನೆಲ್ಲ ‘ಡಿಡ್’ ಹೊತ್ತು, ಕ್ರಿಯಾಪದವು ‘ಗೋ’ ಎಂಬ ಮೂಲರೂಪಕ್ಕೆ ಮರಳುತ್ತದೆ. ಆದರೆ ನಿಷೇಧದಲ್ಲಿ ಕನ್ನಡದ ನಡೆಯೂ ಇದಕ್ಕೆ ಸಮೀಪವೆಂಬುದು ಸ್ವಾರಸ್ಯದ ಸಂಗತಿ. ‘ಹೋದೆನು’ ಎಂಬುದು ‘ಹೋಗಲಿಲ್ಲ’ವಾದಾಗ ‘ಹೋದ’ ಎಂಬ ರೂಪವು ಮಾಯವಾಗಿ, ‘ಹೋಗು’ ಧಾತುವೇ ತಲೆಯೆತ್ತುತ್ತದೆ. ಆದುದರಿಂದ ‘ಡಿಡ್ ನಾಟ್ ಗೋ’ ಎಂಬುದನ್ನು ‘ಹೋಗಲಿಲ್ಲ’ದ ಪಕ್ಕದಲ್ಲಿಟ್ಟು ಮೊದಲು ಕಲಿಸಿ, ಪ್ರಶ್ನೆಯನ್ನು ಅನಂತರ ಎತ್ತಿಕೊಳ್ಳುವುದೇ ಯುಕ್ತ.

‘ಬ್ರಿಂಗ್’, ‘ಬ್ರಾಟ್’ ಎಂದು ಪಟ್ಟಿಯನ್ನು ಉರುಹೊಡೆಸುವವರು, ಅದೇ ಬಾಲಕನು ತರು–ತಂದ, ಬೀಳು–ಬಿದ್ದ ಎಂಬ ರೂಪಗಳನ್ನು ಯಾವ ಪಟ್ಟಿಯೂ ಇಲ್ಲದೆ ಮನೆಯ ಮಾತಿನಿಂದಲೇ ಕಲಿತನೆಂಬುದನ್ನು ನೆನೆಯಬೇಕು. ಅಂಥ ಬಳಕೆಗೆ ವಸ್ತುವಿನ ಕೊರತೆಯೇನೂ ಇಲ್ಲ. ಬೆಟ್ಟದ ಮೇಲಿನಿಂದ ಕಾಣುವ ಶ್ರೀರಂಗಪಟ್ಟಣದಲ್ಲಿಯೇ 1799ರ ಮೇ 4ರಂದು ಟಿಪ್ಪು ಸುಲ್ತಾನನು ಮಡಿದನು. ಆ ಕೋಟೆಯೊಂದನ್ನು ಕುರಿತೇ ಮಕ್ಕಳಿಂದ ‘ಡಿಡ್’ ಹಚ್ಚಿದ ಹತ್ತು ಪ್ರಶ್ನೆಗಳನ್ನು ಕೇಳಿಸಬಹುದು.