ಕಸುಬಿಗೂ ಕುಲದ ಪರೀಕ್ಷೆಯೇ?

ಮದುವೆ ಸಮಾರಂಭಗಳ ವಿಡಿಯೋ ಚಿತ್ರೀಕರಿಸಿ ಬದುಕು ಸಾಗಿಸುತ್ತಿರುವ ಬಸವಕಲ್ಯಾಣದ ಯುವಕನೊಬ್ಬ ಇತ್ತೀಚೆಗೆ ಹುಮನಾಬಾದಿನ ಬಸ್ ನಿಲ್ದಾಣದಲ್ಲಿ ಭೇಟಿಯಾದ. ಅವನು ಕೊಟ್ಟ ಕಾರ್ಡಿನಲ್ಲಿ ಸ್ಟುಡಿಯೋದ ಹೆಸರಿತ್ತು; ಅವನ ಹೆಸರಿರಲಿಲ್ಲ. ಕಾರಣ ಕೇಳಿದೆ. "ಹೆಸರು ಹಾಕಿದ್ರ ಗಿರಾಕಿ ಬರಂಗಿಲ್ಲ ಸರ್. ಮನ್ಯಾಗ ಅಬ್ಬಾಗೂ ಈ ಕೆಲಸ ಅಂದ್ರ ಆಗಂಗಿಲ್ಲ" ಎಂದ.

ಆ ಮಾತು ಕೇಳಿದಾಗ ಜರ್ಮನಿಯ ಚಿತ್ರನಿರ್ಮಾಪಕ ಎರಿಕ್ ಪೊಮ್ಮರ್ ನೆನಪಾದರು. ಮೊದಲ ಮಹಾಯುದ್ಧದಲ್ಲಿ ಜರ್ಮನಿಗಾಗಿ ಹೋರಾಡಿ ಗಾಯಗೊಂಡವರು ಅವರು. 'ಮೆಟ್ರೊಪೊಲಿಸ್' (1927), 'ದಿ ಬ್ಲೂ ಏಂಜೆಲ್' (1930) ಮುಂತಾದ ಚಿತ್ರಗಳನ್ನು ನಿರ್ಮಿಸಿ ತಮ್ಮ ದೇಶದ ಸಿನಿಮಾಕ್ಕೆ ಜಗತ್ತಿನ ಮನ್ನಣೆ ದೊರಕಿಸಿಕೊಟ್ಟರು. ಆದರೆ ಹಿಟ್ಲರ್ ಅಧಿಕಾರಕ್ಕೇರಿದ 1933ರಲ್ಲಿ ಯೂಫಾ ಚಿತ್ರಸಂಸ್ಥೆಯು ತನ್ನ ಯಹೂದಿ ನೌಕರರನ್ನು ಹೊರಹಾಕಿತು. ಅವರಲ್ಲಿ ಪೊಮ್ಮರ್ ಕೂಡ ಒಬ್ಬರು. ಅವರ ದುಡಿಮೆಯಲ್ಲಿ ಯಾವ ದೋಷವನ್ನೂ ಯಾರೂ ತೋರಿಸಲಿಲ್ಲ; ಹುಟ್ಟೇ ಅಪರಾಧವಾಯಿತು. ಯುದ್ಧದಲ್ಲಿ ಸೋತು ನೆಲಕಚ್ಚಿದ ಜರ್ಮನಿಯ ಚಿತ್ರೋದ್ಯಮವನ್ನು ಮತ್ತೆ ಕಟ್ಟಲು 1946ರಲ್ಲಿ ಅಮೆರಿಕದ ಅಧಿಕಾರಿಯಾಗಿ ಅಲ್ಲಿಗೆ ಬಂದವರು ಇದೇ ಪೊಮ್ಮರ್. ಹೊರದಬ್ಬಿದ ದೇಶಕ್ಕೇ ಕೊನೆಗೆ ಅವರ ಅನುಭವ ಬೇಕಾಯಿತು!

ಅದೇ ಯೂಫಾದಲ್ಲಿ ಚಿತ್ರನಿರ್ಮಾಣದ ತರಬೇತಿ ಪಡೆದವರು ದೇವಿಕಾ ರಾಣಿ. ಪತಿ ಹಿಮಾಂಶು ರಾಯ್ ಅವರೊಂದಿಗೆ 1934ರಲ್ಲಿ ಬಾಂಬೆ ಟಾಕೀಸ್ ಕಟ್ಟಿ, 1940ರಲ್ಲಿ ಪತಿ ತೀರಿಕೊಂಡ ಬಳಿಕ ಸಂಸ್ಥೆಯನ್ನು ತಾವೇ ಮುನ್ನಡೆಸಿದರು. ಮುಂದೆ ಚಿತ್ರರಂಗ ತೊರೆದು, ಬೆಂಗಳೂರಿನ ಹೊರವಲಯದ ತಾತಗುಣಿ ಎಸ್ಟೇಟಿನಲ್ಲಿ ನೆಲೆಸಿದ ಅವರು 1994ರಲ್ಲಿ ನಿಧನರಾದರು. 1936ರ ಅವರ 'ಅಛೂತ್ ಕನ್ಯಾ' ಅಸ್ಪೃಶ್ಯ ಕನ್ಯೆ ಮತ್ತು ಬ್ರಾಹ್ಮಣ ಯುವಕನ ಪ್ರೇಮದ ಕಥೆ. ಹರಳಯ್ಯ ಮತ್ತು ಮಧುವರಸರ ಮಕ್ಕಳ ಮದುವೆಗಾಗಿ ರಕ್ತ ಹರಿದ ಕಲ್ಯಾಣದ ನೆಲದವರಿಗೆ ಆ ಕಥೆಯ ನೋವನ್ನು ಬಿಡಿಸಿ ಹೇಳಬೇಕಾಗಿಲ್ಲ.

ಹಣ್ಣಿನ ವ್ಯಾಪಾರಿಯ ಮಗ ಯೂಸುಫ್ ಖಾನ್‌ರನ್ನು 'ಜ್ವಾರ್ ಭಾಟಾ' (1944) ಮೂಲಕ ತೆರೆಗೆ ತಂದವರೂ ದೇವಿಕಾ ರಾಣಿಯೇ. ಅವರು ಹುಟ್ಟನ್ನು ನೋಡಲಿಲ್ಲ, ಪ್ರತಿಭೆಯನ್ನು ಗುರುತಿಸಿದರು. ಆದರೂ ಆ ಯುವಕ ಪ್ರೇಕ್ಷಕರೆದುರು ನಿಂತದ್ದು ದಿಲೀಪ್ ಕುಮಾರ್ ಎಂಬ ಹೆಸರಿನಲ್ಲಿ. ಹೆಸರು ಸೂಚಿಸಿದ್ದು ಸ್ಟುಡಿಯೋ. ನಟನೆಯನ್ನು ಮೆಚ್ಚದ ತಂದೆಯ ಭಯವಿದ್ದ ಮಗನಿಗೂ ಆ ಮರೆ ಬೇಕಿತ್ತು.

ನಾಜಿ ಜರ್ಮನಿಯ ಕ್ರೌರ್ಯಕ್ಕೂ ನಮ್ಮೂರಿನ ಗಿರಾಕಿಯ ಹಿಂಜರಿಕೆಗೂ ಹೋಲಿಕೆಯಿಲ್ಲ, ನಿಜ. ಆದರೆ ಕೈಯ ಕಸುಬನ್ನು ಬಿಟ್ಟು ಹುಟ್ಟನ್ನು ವಿಚಾರಿಸುವ ಬುದ್ಧಿಯ ಬೇರು ಒಂದೇ. ಈ ಬೇರನ್ನು ಕೀಳುವ ಹೊಣೆ ಇಡೀ ಸಮಾಜದ್ದು. ಮನೆಯೊಳಗಿನ ಮರೆಯನ್ನು ಸರಿಸುವ ಹೊಣೆ ಮಾತ್ರ ನಮ್ಮದೇ.

ಸಿನಿಮಾದಲ್ಲಿ ಅಶ್ಲೀಲತೆಯಿದೆ, ನಮ್ಮನ್ನು ಖಳರಾಗಿ ಚಿತ್ರಿಸುವ ಸುಳ್ಳುಗಳಿವೆ ಎಂಬ ಹಿರಿಯರ ದೂರು ಸುಳ್ಳಲ್ಲ. ಆದರೆ ಕ್ಯಾಮೆರಾವನ್ನು ಮುಟ್ಟಲೂಬಾರದೆಂದು ಮಕ್ಕಳನ್ನು ತಡೆದು, ಇತರರು ತೆಗೆದ ಚಿತ್ರ ಸರಿಯಿಲ್ಲವೆಂದು ಪ್ರತಿಭಟಿಸುವುದು ಎಷ್ಟರಮಟ್ಟಿಗೆ ಸರಿ? ಲೇಖನಿಯಿಂದ ಸುಳ್ಳನ್ನೂ ಬರೆಯಬಹುದೆಂದು ನಾವು ಮಕ್ಕಳಿಗೆ ಅಕ್ಷರ ಕಲಿಸದೆ ಬಿಟ್ಟಿಲ್ಲವಲ್ಲ! ಮದರಸದ ಚಾಪೆಯ ಮೇಲೆ ಅಕ್ಷರ ಕಲಿತ ನನಗೆ ಲೇಖನಿ ಮತ್ತು ಕ್ಯಾಮೆರಾಗಳ ನಡುವೆ ದೊಡ್ಡ ಅಂತರ ಕಾಣುತ್ತಿಲ್ಲ. ಎರಡಕ್ಕೂ ಬೇಕಾದದ್ದು ಹಿಡಿದವರ ಪ್ರಾಮಾಣಿಕತೆ.

ಆ ಯುವಕನ ತಂದೆಗೆ ನನ್ನದೊಂದು ವಿನಂತಿ: ಮಗನ ಕೆಲಸವನ್ನು ಒಮ್ಮೆ ಕುಳಿತು ನೋಡಿ. ತಪ್ಪಿದ್ದರೆ ತಿದ್ದಿ, ಒಳ್ಳೆಯದಿದ್ದರೆ ಬೆನ್ನು ತಟ್ಟಿ. ಹೊರಗಿನವರ ಮನಸ್ಸು ಬದಲಾಗಲು ಕಾಲ ಬೇಕು. ನೀವು ಬದಲಾಗಲು ಇಂದಿನ ಸಂಜೆ ಸಾಕು.