ಸೆಟ್ಟು ಕಳಚಿದ ಮೇಲೆ ಉಳಿಯುವ ಊರು

ಶೈಕ್ಷಣಿಕ ಪ್ರವಾಸದ ದಿನಗಳು ಬಂದಾಗ ರಕ್ಷಕ-ಶಿಕ್ಷಕ ಸಂಘದ ಸಭೆಗಳಲ್ಲಿ ಎಲ್ಲಿಗೆ ಹೋಗುವುದೆಂಬ ಚರ್ಚೆ ನಡೆಯುತ್ತದೆ. ಬೇಲೂರು, ಹಳೇಬೀಡು, ಮೈಸೂರು ಎಂದು ಹಿರಿಯರು ಹೇಳುವಷ್ಟರಲ್ಲಿ ಮಕ್ಕಳು ಹೈದರಾಬಾದಿನ ರಾಮೋಜಿ ಫಿಲ್ಮ್ ಸಿಟಿಯ ಹೆಸರೆತ್ತುತ್ತಾರೆ. ಅಲ್ಲಿ ‘ಬಾಹುಬಲಿ’ಯ ಮಾಹಿಷ್ಮತಿ ಇದೆಯಲ್ಲ! ಅದೇ ಚಿತ್ರದ ಜಲಪಾತವನ್ನು ನೋಡಬೇಕೆಂದರೆ ನಮ್ಮದೇ ರಾಜ್ಯದ ಅದಿರಪ್ಪಳ್ಳಿ ಇದೆ. ಈ ಆಸೆಯನ್ನು ಹಗುರವಾಗಿ ತಳ್ಳಿಹಾಕುವುದು ಸರಿಯಲ್ಲ. ಕತೆಯಲ್ಲಿ ಕಂಡದ್ದನ್ನು ನೆಲದ ಮೇಲೆ ನಿಂತು ನೋಡಬೇಕೆಂಬ ಹಂಬಲ ಮನುಷ್ಯನಿಗೆ ಹೊಸದಲ್ಲ. ಪಂಚವಟಿ ಎಲ್ಲಿ, ಕಿಷ್ಕಿಂಧೆ ಎಲ್ಲಿ ಎಂದು ಹುಡುಕಿಕೊಂಡು ಹೋದ ಯಾತ್ರಿಕರೂ ಈ ಹಂಬಲವನ್ನೇ ಹೊತ್ತಿದ್ದರು.

ಹೊಸದೇನೆಂದರೆ ಈ ಹಂಬಲವು ಈಗ ಒಂದು ಉದ್ಯಮವಾಗಿದೆ. ಅದರ ಮಾದರಿಯನ್ನು ನೋಡಬೇಕಾದರೆ ನ್ಯೂಜಿಲೆಂಡಿನ ಮಾಟಮಾಟ ಎಂಬ ಊರಿನ ಕಡೆಗೆ ಕಣ್ಣು ಹಾಯಿಸಬೇಕು. 1998ರಲ್ಲಿ ನಿರ್ದೇಶಕ ಪೀಟರ್ ಜಾಕ್ಸನ್ ಅವರ ತಂಡವು ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ ಚಿತ್ರಗಳಿಗೆ ತಕ್ಕ ಹಸುರು ಗುಡ್ಡವನ್ನು ಅರಸುತ್ತ ಅಲ್ಲಿನ ಒಂದು ಕುರಿಸಾಕಣೆಯ ಜಮೀನನ್ನು ಆರಿಸಿತು. 1999ರಲ್ಲಿ ಹಾಬಿಟ್ ಎಂಬ ಕುಳ್ಳ ಜನರ ಊರು ಅಲ್ಲಿ ತಲೆಯೆತ್ತಿತು. ಚಿತ್ರೀಕರಣ ಮುಗಿದೊಡನೆ ಕಳಚಿಹಾಕಲೆಂದೇ ಕಟ್ಟಿದ ತಾತ್ಕಾಲಿಕ ಸೆಟ್ಟು ಅದು. ಆದರೆ ಚಿತ್ರ ಕಂಡವರು ಜಮೀನಿನ ಬಾಗಿಲಿಗೆ ಬಂದು ನಿಂತರು. 2002ರಲ್ಲಿ ಮಾರ್ಗದರ್ಶಿಯೊಂದಿಗಿನ ಪ್ರವಾಸ ಆರಂಭವಾಯಿತು. ಮುಂದೆ ‘ದಿ ಹಾಬಿಟ್’ ಚಿತ್ರಗಳಿಗಾಗಿ ಊರನ್ನು ಮರಳಿ ಕಟ್ಟುವಾಗ ಶಾಶ್ವತವಾಗಿ ಉಳಿಯುವ ಸಾಮಗ್ರಿಯನ್ನೇ ಬಳಸಿದರು. ಗುಡ್ಡದ ಮೇಲಿನ ಒಂದು ಮರ ಸ್ವತಃ ಕೃತಕ. ಅದರ ಎಲೆಗಳನ್ನು ತೈವಾನಿನಿಂದ ತರಿಸಲಾಯಿತು. ದುಂಡು ಬಾಗಿಲುಗಳಲ್ಲಿ ಹೆಚ್ಚಿನವುಗಳ ಹಿಂದೆ ಮನೆ ಇಲ್ಲ. ಇದು ಪ್ರವಾಸಿಗನಿಗೂ ಗೊತ್ತು, ಮಾರ್ಗದರ್ಶಿಯೂ ಮುಚ್ಚಿಡುವುದಿಲ್ಲ. ಅಲ್ಲಿ ಯಾರಿಗೂ ಅನ್ಯಾಯವಾಗಿಲ್ಲ. ಖಾಲಿ ಗುಡ್ಡಕ್ಕೆ ಒಂದು ಕತೆ ಸಿಕ್ಕಿತು, ಅಷ್ಟೆ.

ಆದರೆ ಎಲ್ಲ ತಾಣಗಳೂ ಖಾಲಿ ಗುಡ್ಡಗಳಲ್ಲ. ಕ್ರೊವೇಷಿಯಾದ ದುಬ್ರೊವ್ನಿಕ್ ನಗರದ ಉದಾಹರಣೆಯನ್ನೇ ನೋಡಿ. ‘ಗೇಮ್ ಆಫ್ ಥ್ರೋನ್ಸ್’ ಎಂಬ ಫ್ಯಾಂಟಸಿ ಧಾರಾವಾಹಿಗೆ ಆ ಕಡಲ ತೀರದ ಕೋಟೆನಗರವೇ ರಾಜಧಾನಿಯಾಯಿತು. ರಗೂಸಾ ಎಂಬ ಹೆಸರಿನಲ್ಲಿ ಶತಮಾನಗಳ ಕಾಲ ಗಣರಾಜ್ಯವಾಗಿ ಬಾಳಿದ ನಗರ ಅದು. 1979ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು. 1991ರಲ್ಲಿ ಮುತ್ತಿಗೆಗೆ ಸಿಕ್ಕಿ ಶೆಲ್ ದಾಳಿಯಿಂದ ನಲುಗಿತು. ಈಗ ಅಲ್ಲಿಗೆ ಬರುವ ಪ್ರವಾಸಿಗರಲ್ಲಿ ಅನೇಕರು ಕಾಲ್ಪನಿಕ ರಾಣಿಯೊಬ್ಬಳು ಯಾವ ಮೆಟ್ಟಿಲುಗಳನ್ನು ಇಳಿದಳೆಂದು ಕೇಳುತ್ತಾರೆ. ಆ ನಗರವನ್ನು ಕಾಯಲು ಯಾರು ಸತ್ತರೆಂದು ಕೇಳುವವರು ಕಡಿಮೆ. ಜನಸಂದಣಿ ಎಷ್ಟಾಯಿತೆಂದರೆ, ಒಂದೇ ವೇಳೆಗೆ ಬರುವ ಪ್ರವಾಸಿ ಹಡಗುಗಳ ಸಂಖ್ಯೆಗೆ ನಗರಾಡಳಿತವೇ ಮಿತಿ ಹಾಕಬೇಕಾಯಿತು. ಹಣ ಬಂದಿತು, ಕೆಲಸ ಬಂದಿತು. ಆದರೆ ನಗರದ ಸ್ವಂತ ಕತೆ ಇನ್ನೊಂದು ಕತೆಯ ಹಿಂದೆ ಸರದಿಯಲ್ಲಿ ನಿಂತಿತು.

ಇವೆರಡು ಉದಾಹರಣೆಗಳನ್ನು ಎದುರಿಗಿಟ್ಟುಕೊಂಡು ನಮ್ಮ ಜಿಲ್ಲೆಗೆ ಬರೋಣ.

ಕಾಸರಗೋಡಿನ ಚಿತ್ರತಾಣವೆಂದರೆ ಮೊದಲು ನೆನಪಾಗುವುದು ಬೇಕಲ ಕೋಟೆ. 1995ರಲ್ಲಿ ತೆರೆಕಂಡ ಮಣಿರತ್ನಂ ಅವರ ‘ಬಾಂಬೆ’ ಚಿತ್ರದ ‘ಉಯಿರೇ’ ಗೀತೆಯನ್ನು ಈ ಕೋಟೆಯ ಮೇಲೆ ಚಿತ್ರಿಸಲಾಯಿತು. ಮಳೆಗಾಲದ ಕಡಲು, ತೋಯ್ದ ಮುರಕಲ್ಲು, ಎ. ಆರ್. ರೆಹಮಾನ್ ಅವರ ಸಂಗೀತ ಇವೆಲ್ಲ ಸೇರಿ ಭಾರತದ ಮೂಲೆಮೂಲೆಗೂ ಬೇಕಲವನ್ನು ಪರಿಚಯಿಸಿದವು. ಫ್ಯಾಂಟಸಿ ಚಿತ್ರವೂ ನಮ್ಮ ಜಿಲ್ಲೆಗೆ ಬಂದಿದೆ: 2024ರಲ್ಲಿ ತೆರೆಕಂಡ ‘ಅಜಯಂಡೆ ರಂಡಾಂ ಮೋಷಣಂ’ ಎಂಬ ಮಲಯಾಳ ಚಿತ್ರದ ಸೆಟ್ಟನ್ನು ಚೀಮೇನಿಯಲ್ಲಿ ಹಾಕಿದ್ದರು, 2023ರ ಮಾರ್ಚಿನಲ್ಲಿ ಅದಕ್ಕೆ ಬೆಂಕಿ ತಗಲಿದ ಸುದ್ದಿಯನ್ನು ಓದಿದವರಿರಬಹುದು. ಕೇರಳದ ಪ್ರವಾಸೋದ್ಯಮ ಇಲಾಖೆಯೂ ಸಿನಿಮಾ ಪ್ರವಾಸದ ಬಗೆಗೆ ಆಸಕ್ತಿ ತೋರಿ, ತಿರುವನಂತಪುರದ ವೆಳ್ಳಾಯಣಿಯಲ್ಲಿರುವ ‘ಕಿರೀಟಂ’ ಚಿತ್ರದ ಸೇತುವೆಯನ್ನು ಅದಕ್ಕಾಗಿ ಆರಿಸಿಕೊಂಡಿದೆ. ಅಂದರೆ ಚಿತ್ರತಾಣ ದರ್ಶನವು ನಮ್ಮಲ್ಲಿಯೂ ಬೆಳೆಯಲಿರುವ ವಿಷಯ. ಹಾಗಾದಾಗ ಬೇಕಲದ ಮಾರ್ಗದರ್ಶಿ ಏನು ಹೇಳಬೇಕು, ನಮ್ಮ ಮಕ್ಕಳು ಅಲ್ಲಿ ಏನು ಕೇಳಿಸಿಕೊಳ್ಳಬೇಕು? ಇದು ಮನರಂಜನೆಗಷ್ಟೇ ಸಂಬಂಧಿಸಿದ ಪ್ರಶ್ನೆಯಲ್ಲ.

ಬೇಕಲ ಕೋಟೆಯನ್ನು ಕಟ್ಟಿಸಿದವನು 17ನೆಯ ಶತಮಾನದ ಕೆಳದಿಯ ಶಿವಪ್ಪ ನಾಯಕನೆಂಬುದು ಸಾಮಾನ್ಯವಾಗಿ ಒಪ್ಪಿತವಾದ ಇತಿಹಾಸ. ಮಲೆನಾಡಿನ ಬಿದನೂರಿನಿಂದ ಆಳುತ್ತಿದ್ದ ಕನ್ನಡದ ಅರಸು ತನ್ನ ಕರಾವಳಿಯನ್ನು ಕಾಯಲು ಇಟ್ಟ ಕಾವಲು ಅದು. ಚಂದ್ರಗಿರಿ, ಹೊಸದುರ್ಗಗಳ ಕೋಟೆಗಳೂ ಇದೇ ಸಾಲಿನವು. ಕೋಟೆ ಕಾಯಲು ಬಂದು ಇಲ್ಲಿಯೇ ನೆಲೆಸಿದ ರಾಮಕ್ಷತ್ರಿಯ ಕುಟುಂಬಗಳ ಪೀಳಿಗೆಗಳು ಇಂದಿಗೂ ಈ ಊರುಗಳಲ್ಲಿವೆ. 1763ರಲ್ಲಿ ಹೈದರಾಲಿ ಬಿದನೂರನ್ನು ಗೆದ್ದ ಬಳಿಕ ಕೋಟೆ ಮೈಸೂರಿನ ಕೈಸೇರಿತು. ಟಿಪ್ಪುವಿನ ಅನಂತರ ಈಸ್ಟ್ ಇಂಡಿಯಾ ಕಂಪೆನಿಯ ವಶವಾಯಿತು. ಈಗಿನ ಕಾಸರಗೋಡು ತಾಲೂಕಿಗೆ ಹಿಂದೆ ಬೇಕಲ ತಾಲೂಕೆಂಬ ಹೆಸರಿತ್ತು. ಸುಮಾರು 40 ಎಕ್ರೆಯ ಈ ಕೋಟೆಯಲ್ಲಿ ವೀಕ್ಷಣಾ ಗೋಪುರವಿದೆ, ಮೆಟ್ಟಿಲುಗಳುಳ್ಳ ಕೊಳವಿದೆ, ಮದ್ದಿನ ಮನೆಯಿದೆ, ಗೋಡೆಯುದ್ದಕ್ಕೂ ಕಡಲಿನತ್ತ ಗುರಿಯಿಡುವ ಕಂಡಿಗಳಿವೆ. ಪ್ರವೇಶದ್ವಾರದಲ್ಲಿ ಮುಖ್ಯಪ್ರಾಣನ ಗುಡಿಯೂ ಸಮೀಪದಲ್ಲಿ ಮಸೀದಿಯೂ ಇವೆ. ಒಂದು ಗೀತೆಯ ಐದಾರು ನಿಮಿಷಗಳಲ್ಲಿ ಇದಾವುದನ್ನೂ ಹೇಳಲು ಸಾಧ್ಯವಿಲ್ಲ. ಹೇಳಬೇಕೆಂದು ಚಿತ್ರದಿಂದ ನಿರೀಕ್ಷಿಸುವುದೂ ನ್ಯಾಯವಲ್ಲ. ಹೇಳಬೇಕಾದವರು ನಾವು.

ಇಲ್ಲಿ ಒಂದು ಎಚ್ಚರಿಕೆಯೂ ಬೇಕು. ಕನ್ನಡದ ಅರಸು ಕಟ್ಟಿಸಿದನೆಂದ ಮಾತ್ರಕ್ಕೆ ಕೋಟೆ ನಮಗೆ ಹಕ್ಕುಪತ್ರವಾಗುವುದಿಲ್ಲ. ಬೇಕಲವಿರುವುದು ಚಂದ್ರಗಿರಿ ಹೊಳೆಯ ತೆಂಕಣದಲ್ಲಿ. 1967ರ ಮಹಾಜನ ಆಯೋಗದ ವರದಿಯು ಮೈಸೂರಿಗೆ ಸೇರಬೇಕೆಂದು ಶಿಫಾರಸು ಮಾಡಿದ್ದು ಆ ಹೊಳೆಯ ಬಡಗಣ ಭಾಗವನ್ನು ಮಾತ್ರ. ಅರಸರ ಗಡಿ ಬೇರೆ, ಭಾಷೆಯ ಗಡಿ ಬೇರೆ, ಆಡಳಿತದ ಗಡಿ ಬೇರೆ. ಕೋಟೆಯ ಸುತ್ತ ತಲೆಮಾರುಗಳಿಂದ ಬದುಕುತ್ತಿರುವ ಮಲಯಾಳಿ ಮೀನುಗಾರರಿಗೂ ಅದು ಅಷ್ಟೇ ಸ್ವಂತದ್ದು. ನಾವು ಕೇಳಬೇಕಾದುದು ಒಡೆತನವನ್ನಲ್ಲ. ಆ ಕತೆಯಲ್ಲಿ ನಮ್ಮ ಪಾಲಿನದನ್ನು ನಮ್ಮ ಭಾಷೆಯಲ್ಲಿ ಹೇಳುವ ಅವಕಾಶವನ್ನು.

ನಮ್ಮ ಶಾಲೆಗಳಿಗೆ ಇನ್ನೂ ಹತ್ತಿರದ ಇನ್ನೊಂದು ಚಿತ್ರವಿದೆ. 2018ರ ಆಗಸ್ಟಿನಲ್ಲಿ ತೆರೆಕಂಡ ‘ಸರ್ಕಾರಿ ಹಿರಿಯ ಪ್ರಾಥಮಿಕ ಶಾಲೆ, ಕಾಸರಗೋಡು, ಕೊಡುಗೆ: ರಾಮಣ್ಣ ರೈ’. ಅದನ್ನು ನೋಡದ ಕನ್ನಡ ಮಾಧ್ಯಮದ ಮನೆ ನಮ್ಮಲ್ಲಿ ವಿರಳ. ಮುಚ್ಚುವ ಭೀತಿಯಲ್ಲಿರುವ ಗಡಿನಾಡಿನ ಕನ್ನಡ ಶಾಲೆಯೊಂದನ್ನು ಮಕ್ಕಳೇ ಹೋರಾಡಿ ಉಳಿಸಿಕೊಳ್ಳುವ ಕತೆ ಅದು; ಅತ್ಯುತ್ತಮ ಮಕ್ಕಳ ಚಿತ್ರವೆಂಬ ರಾಷ್ಟ್ರಪ್ರಶಸ್ತಿಯನ್ನೂ ಪಡೆಯಿತು. ಆ ಶಾಲೆಯನ್ನು ನೋಡಬೇಕೆಂದು ಯಾರಾದರೂ ಹೊರಟರೆ ತಲುಪುವುದೆಲ್ಲಿಗೆ? ಗಡಿಯಾಚೆಯ ಕೈರಂಗಳಕ್ಕೆ. ಅಲ್ಲಿನ ಸರಕಾರಿ ಶಾಲೆಯಲ್ಲಿ ಚಿತ್ರೀಕರಣ ನಡೆಸಿದ ನಿರ್ದೇಶಕ ರಿಷಬ್ ಶೆಟ್ಟರು ಅನಂತರ ಅದನ್ನು ದತ್ತು ಪಡೆದರು. ಇದು ಮೆಚ್ಚಬೇಕಾದ ಕೆಲಸ. ಕಾಸರಗೋಡಿನ ಕತೆಗೆ ಕರ್ನಾಟಕದ ಶಾಲೆಯನ್ನು ಬಳಸಿದುದರಲ್ಲಿ ತಪ್ಪೂ ಇಲ್ಲ. ಸಿನಿಮಾದ ಕೆಲಸವೇ ಹಾಗೆ. ಆದರೆ ನಾವು ಮನಗಾಣಬೇಕಾದ ಸಂಗತಿ ಇಷ್ಟು: ಚಿತ್ರದ ಶಾಲೆ ಉಳಿಯಿತೆಂದು ಚಿತ್ರಮಂದಿರದಲ್ಲಿ ಚಪ್ಪಾಳೆ ತಟ್ಟಿದ ಕಾರಣಕ್ಕೆ ನಮ್ಮೂರಿನ ಶಾಲೆಯ ಒಂದನೆಯ ತರಗತಿಗೆ ಒಂದು ಮಗುವೂ ಹೆಚ್ಚಾಗಿ ಸೇರುವುದಿಲ್ಲ.

ಚಿತ್ರದಲ್ಲಿ ಹೋರಾಟವು ನ್ಯಾಯಾಲಯದಲ್ಲಿ ಗೆಲುವು ಕಾಣುತ್ತದೆ. ನ್ಯಾಯವಾದಿಯಾಗಿ ಹೇಳಬೇಕಾದ ಮಾತೊಂದಿದೆ. ಭಾಷಾ ಅಲ್ಪಸಂಖ್ಯಾತರ ಮಕ್ಕಳಿಗೆ ಪ್ರಾಥಮಿಕ ಹಂತದಲ್ಲಿ ಮಾತೃಭಾಷೆಯ ಮೂಲಕ ಕಲಿಯುವ ಸೌಕರ್ಯವನ್ನು ಒದಗಿಸಲು ಯತ್ನಿಸಬೇಕೆಂದು ಸಂವಿಧಾನದ 350ಎ ವಿಧಿಯು ರಾಜ್ಯಗಳಿಗೆ ಹೇಳುತ್ತದೆ. ರಾಜ್ಯಗಳ ಪುನರ್ವಿಂಗಡಣೆಯಾದ 1956ರಲ್ಲಿಯೇ, ನಮ್ಮಂತಹವರನ್ನು ಮನಸ್ಸಿನಲ್ಲಿಟ್ಟುಕೊಂಡು, ಅದನ್ನು ಸೇರಿಸಲಾಯಿತು. 29 ಮತ್ತು 30ನೆಯ ವಿಧಿಗಳೂ ನಮ್ಮ ಬೆಂಬಲಕ್ಕಿವೆ. ಆದರೆ ಯಾವ ವಿಧಿಗೂ ತರಗತಿಯ ಬೆಂಚಿನಲ್ಲಿ ಮಗುವನ್ನು ಕೂರಿಸುವ ಶಕ್ತಿಯಿಲ್ಲ. ಅದನ್ನು ಮಾಡಬೇಕಾದವರು ಹೆತ್ತವರು.

ಮೂರನೆಯ ಬಗೆಯ ತಾಣವೂ ಇದೆ. ಅಲ್ಲಿ ಇನ್ನಷ್ಟು ಎಚ್ಚರ ಅಗತ್ಯ. 2022ರ ‘ಕಾಂತಾರ’ ಚಿತ್ರವು ಕುಂದಾಪುರ ಸಮೀಪದ ಕೆರಾಡಿಯಲ್ಲಿ ರೂಪುಗೊಂಡು ಪಂಜುರ್ಲಿ, ಗುಳಿಗ ದೈವಗಳ ಹೆಸರನ್ನು ದೇಶವಿಡೀ ಮುಟ್ಟಿಸಿತು. ಹೊರಗಿನ ಪ್ರೇಕ್ಷಕನಿಗೆ ಅದು ಅದ್ಭುತ ಲೋಕ. ಕೋಲವನ್ನೂ ತೆಯ್ಯವನ್ನೂ ಅಂಗಳದಲ್ಲಿ ಕಂಡು ಬೆಳೆದ ನಮ್ಮ ಮಕ್ಕಳಿಗೆ ಅದು ಮನೆಯ ನಂಬಿಕೆ. ಚಿತ್ರಮಂದಿರಗಳಲ್ಲಿ ದೈವದ ವೇಷ ತೊಟ್ಟು ಅನುಕರಿಸುವವರು ಕಾಣಿಸಿಕೊಂಡಾಗ, ಹಾಗೆ ಮಾಡಬೇಡಿರೆಂದು 2025ರ ಅಕ್ಟೋಬರಿನಲ್ಲಿ ನಿರ್ಮಾಣ ಸಂಸ್ಥೆಯೇ ವಿನಂತಿಸಬೇಕಾಯಿತು. ಸೆಟ್ಟಿನಲ್ಲಿ ಸೆಲ್ಫಿ ತೆಗೆಯಬಹುದು, ದೈವಸ್ಥಾನ ಸೆಟ್ಟಲ್ಲ. ಈ ವ್ಯತ್ಯಾಸವನ್ನು ಹೊರಗಿನವರಿಗೆ ವಿನಯದಿಂದ ತಿಳಿಸಿಹೇಳಬಲ್ಲವರು ನಮ್ಮ ಮಕ್ಕಳೇ ಹೊರತು ಬೇರಾರೂ ಅಲ್ಲ.

ಕಲ್ಪನೆಯ ಲೋಕವನ್ನು ಕಟ್ಟಿ ಬಿಚ್ಚುವ ವಿದ್ಯೆಯಂತೂ ಈ ಮಣ್ಣಿಗೆ ಚೆನ್ನಾಗಿ ಗೊತ್ತು. ಕುಂಬಳೆಯ ಪಾರ್ತಿಸುಬ್ಬನ ರಾಮಾಯಣ ಪ್ರಸಂಗಗಳು ಕೊಯಿಲಾದ ಗದ್ದೆಗಳನ್ನು ರಾತ್ರಿಯಿಡೀ ಲಂಕೆಯನ್ನಾಗಿಸುತ್ತಿದ್ದವು. ಬೆಳಗಾದಾಗ ಅದು ಮತ್ತೆ ಗದ್ದೆಯೇ. ಲಂಕೆಗಾಗಿ ಗದ್ದೆಯನ್ನು ಮರೆತವರಿಲ್ಲ. ಗದ್ದೆಯೆಂಬ ಕಾರಣಕ್ಕೆ ಲಂಕೆಯನ್ನು ನಂಬದವರೂ ಇಲ್ಲ. ಚಿತ್ರತಾಣಗಳನ್ನು ನೋಡುವುದಕ್ಕೂ ಇದೇ ಹದ ಸಾಕು.

ಆದುದರಿಂದ ಶಾಲೆಗಳ ಮುಂದೆ ಒಂದು ಸಲಹೆಯನ್ನಿಡುತ್ತೇನೆ. ರಾಮೋಜಿಗೆ ಹೋಗುವವರು ಹೋಗಲಿ. ಅದಕ್ಕೂ ಮೊದಲು ಏಳು, ಎಂಟನೆಯ ತರಗತಿಯ ಹತ್ತು ಮಕ್ಕಳನ್ನು ಒಬ್ಬ ಅಧ್ಯಾಪಕರು ಬೇಕಲಕ್ಕೆ ಕರೆದೊಯ್ಯಲಿ. ಕಾಸರಗೋಡು ಪೇಟೆಯಿಂದ ಸುಮಾರು 16 ಕಿಲೋಮೀಟರ್ ದೂರ. ಪುರಾತತ್ವ ಇಲಾಖೆಯ ಸ್ಮಾರಕಗಳಿಗೆ 15 ವರ್ಷದೊಳಗಿನ ಮಕ್ಕಳಿಗೆ ಪ್ರವೇಶ ಶುಲ್ಕವೂ ಇಲ್ಲ. ನವೆಂಬರ್ 19ರಿಂದ 25ರ ವರೆಗಿನ ವಿಶ್ವ ಪರಂಪರೆ ಸಪ್ತಾಹ ಇದಕ್ಕೆ ತಕ್ಕ ಸಮಯ. ಪ್ರತಿಯೊಂದು ಮಗುವಿಗೂ ಒಂದೊಂದು ತಾಣವನ್ನು ಹಂಚಿರಿ: ಒಬ್ಬಳಿಗೆ ಗೋಪುರ, ಒಬ್ಬನಿಗೆ ಕೊಳ, ಇನ್ನೊಬ್ಬಳಿಗೆ ಮದ್ದಿನ ಮನೆ. ಚಿತ್ರಗೀತೆಯ ತಾಣವೂ ಒಬ್ಬರ ಪಾಲಿಗೆ ಬರಲಿ, ಅದೂ ಈಗ ಕೋಟೆಯ ಇತಿಹಾಸದ ಭಾಗವೇ. ಪ್ರತಿ ಮಗು ತನ್ನ ತಾಣದ ಬಗೆಗೆ ಐದು ನಿಮಿಷ ಕನ್ನಡದಲ್ಲಿ ಮಾತನಾಡಲು ಸಿದ್ಧವಾಗಲಿ. ನೆರೆಯ ಶಾಲೆಯ ಗೆಳೆಯರಿಗಾಗಿ ಅದನ್ನೇ ಮಲಯಾಳದಲ್ಲಿಯೂ ಹೇಳಲಿ. ಮುಂದಿನ ಭಾನುವಾರ ಮನೆಯವರು ಪ್ರವಾಸಿಗರಾಗಲಿ, ಮಕ್ಕಳು ಮಾರ್ಗದರ್ಶಿಗಳಾಗಲಿ.

ಹೊರಡುವ ಮುನ್ನ ಮಕ್ಕಳಿಗೆ ಒಂದು ಕಾನೂನನ್ನೂ ತಿಳಿಸಿರಿ. ಕೇಂದ್ರ ಸರಕಾರದ ಸಂರಕ್ಷಣೆಯಲ್ಲಿರುವ ಸ್ಮಾರಕವನ್ನು ಕೆಡಿಸುವುದು, ವಿರೂಪಗೊಳಿಸುವುದು 1958ರ ಪ್ರಾಚೀನ ಸ್ಮಾರಕಗಳ ಕಾಯಿದೆಯ ಪ್ರಕಾರ ಅಪರಾಧ. ಎರಡು ವರ್ಷದ ವರೆಗೆ ಸೆರೆಮನೆ, ಒಂದು ಲಕ್ಷ ರೂಪಾಯಿಯ ವರೆಗೆ ದಂಡ ಅಥವಾ ಎರಡೂ ಆಗಬಹುದು. ಮುರಕಲ್ಲಿನ ಮೇಲೆ ಪ್ರೇಮಿಗಳ ಹೆಸರು ಕೆತ್ತುವುದು ಸಿನಿಮಾದ ಪ್ರಭಾವವೋ ಅಲ್ಲವೋ ತಿಳಿಯದು. ಕಾಯಿದೆಗೆ ಆ ವ್ಯತ್ಯಾಸ ಬೇಕಾಗಿಯೂ ಇಲ್ಲ.

ಮಕ್ಕಳು ಸಿದ್ಧಪಡಿಸಿದ ಟಿಪ್ಪಣಿಗಳನ್ನು ಶಾಲಾ ಗ್ರಂಥಾಲಯದಲ್ಲಿಡಿರಿ. ಮರುವರ್ಷದ ತಂಡ ಅದಕ್ಕೆ ಚಂದ್ರಗಿರಿ ಕೋಟೆಯನ್ನು ಸೇರಿಸಲಿ, ಅದರ ಮರುವರ್ಷ ಹೊಸದುರ್ಗವನ್ನು, ಬಳಿಕ ಮಂಜೇಶ್ವರದ ಗೋವಿಂದ ಪೈಗಳ ಮನೆಯನ್ನು. ಪುಸ್ತಕ ದಪ್ಪವಾಗುತ್ತ ಹೋಗಲಿ. ಮುಂದೊಮ್ಮೆ ದೂರದೂರಿನ ಪ್ರವಾಸಿಯೊಬ್ಬ ಕೋಟೆಯ ಮೇಲೆ ನಿಂತು ಆ ಗೀತೆಯ ಜಾಗವೆಲ್ಲಿ ಎಂದು ಕೇಳಿದರೆ, ನಮ್ಮ ಶಾಲೆಯ ಮಗು ಅದನ್ನು ಸಂತೋಷದಿಂದ ತೋರಿಸಲಿ. ಆಮೇಲೆ, ಸಮಯವಿದ್ದರೆ ಈ ಕಡೆಗೂ ಬನ್ನಿ ಎಂದು ಗೋಡೆಯ ಕಂಡಿಗಳತ್ತ ಅವನನ್ನು ಕರೆದೊಯ್ಯಲಿ.