ಗುಲಾಬಿಯ ಮೇಲೆ ಹೊರಿಸಿದ ತಪ್ಪು



ನೊಣವಿನಕೆರೆ ಅಂದರೆ ನಮ್ಮ ತಿಪಟೂರು, ತುರುವೇಕೆರೆ, ಚಿಕ್ಕನಾಯಕನಹಳ್ಳಿ ಕಡೆಯವರಿಗೆ ದೊಡ್ಡ ಕೆರೆ, ತೆಂಗಿನ ತೋಟ, ಅಟ್ಟದ ಮೇಲೆ ಒಣಗುವ ಉಂಡೆ ಕೊಬ್ಬರಿ ನೆನಪಾಗುತ್ತವೆ. 1957ರಲ್ಲಿ ಇದೇ ಊರಿನಲ್ಲಿ ಹುಟ್ಟಿದ ಹೆಣ್ಣುಮಗಳೊಬ್ಬಳು ದೇಶದ ಅತ್ಯುತ್ತಮ ನಟಿ ಎನ್ನಿಸಿಕೊಂಡಳು. ಗಿರೀಶ ಕಾಸರವಳ್ಳಿ ನಿರ್ದೇಶಿಸಿದ ‘ಗುಲಾಬಿ ಟಾಕೀಸ್’ ಚಿತ್ರಕ್ಕಾಗಿ 2007ನೇ ಸಾಲಿನ ರಾಷ್ಟ್ರಪ್ರಶಸ್ತಿ ಪಡೆದ ಉಮಾಶ್ರೀ ನಮ್ಮ ನೆಲದವರು. ಇದು ನಮಗೆ ಹೆಮ್ಮೆಯ ವಿಷಯ. ಆದರೆ ಆ ಪ್ರಶಸ್ತಿ ಯಾವ ಪಾತ್ರಕ್ಕೆ ಬಂತು, ಆ ಪಾತ್ರಕ್ಕೂ ನಮ್ಮ ಸಂಘಗಳಿಗೂ ಏನು ಸಂಬಂಧ ಎಂಬುದನ್ನು ನಾನು ಈ ಸಲ ನಿಮ್ಮ ಮುಂದೆ ಇಡಬೇಕೆಂದಿದ್ದೇನೆ.

ಉಮಾಶ್ರೀಯವರ ದಾರಿ ಸುಲಭದ್ದಾಗಿರಲಿಲ್ಲ. ನಟನೆಯ ದುಡಿಮೆಯಿಂದಲೇ ಇಬ್ಬರು ಮಕ್ಕಳನ್ನು ಒಂಟಿಯಾಗಿ ಬೆಳೆಸಿದವರು ಅವರು. 1984ರಲ್ಲಿ ಕಾಶೀನಾಥ್ ಅವರ ‘ಅನುಭವ’ ಚಿತ್ರದಿಂದ ಹೆಸರಾದರು. ಅಲ್ಲಿಂದ ಮುಂದೆ ಚಿತ್ರರಂಗ ಅವರಿಗೆ ಹೆಚ್ಚಾಗಿ ಕೊಟ್ಟದ್ದು ಹಾಸ್ಯದ ಪಾತ್ರಗಳನ್ನು: ಗಯ್ಯಾಳಿ ಹೆಂಡತಿ, ಬಾಯಿಬಡುಕಿ, ಎರಡರ್ಥದ ಮಾತಿಗೆ ಗುರಿಯಾಗುವ ಹೆಂಗಸು. ಗಟ್ಟಿಯಾಗಿ ಮಾತಾಡುವ ಹೆಣ್ಣನ್ನು ಕಂಡರೆ ನಗಬೇಕೆಂದು ಸಿನಿಮಾ ನಮಗೆ ಕಲಿಸಿತು, ನಾವೂ ನಕ್ಕೆವು. ಅದೇ ನಟಿ ದೇವನೂರ ಮಹಾದೇವ ಅವರ ‘ಒಡಲಾಳ’ ರಂಗದ ಮೇಲೆ ಬಂದಾಗ, ಕಳೆದುಹೋದ ಹುಂಜವನ್ನು ಹುಡುಕುವ ಸಾಕವ್ವನಾಗಿ ನಿಂತು ನೋಡಿದವರ ಕಣ್ಣಲ್ಲಿ ನೀರು ತರಿಸಿದರು. ದನಿ ಅದೇ. ಅದರಲ್ಲಿರುವ ಸಂಕಟವನ್ನು ಕೇಳಿಸಿಕೊಳ್ಳುವವರು ಬೇಕಾಗಿತ್ತು.

ಈಗ ಗುಲಾಬಿಯ ಕಥೆಗೆ ಬರೋಣ. ವೈದೇಹಿಯವರ ಕಥೆಯನ್ನು ಆಧರಿಸಿದ ಈ ಚಿತ್ರ ಕುಂದಾಪುರ ಕಡೆಯ ಮೀನುಗಾರರ ಊರಿನಲ್ಲಿ ನಡೆಯುತ್ತದೆ. ಗುಲಾಬಿ ಸೂಲಗಿತ್ತಿ, ಮುಸ್ಲಿಂ ಹೆಂಗಸು. ಗಂಡ ಮೂಸಾ ಅವಳನ್ನು ಬಿಟ್ಟು ಎರಡನೆಯ ಹೆಂಡತಿಯೊಂದಿಗಿದ್ದಾನೆ. ಹೆರಿಗೆ ಮಾಡಿಸಿದ್ದಕ್ಕೆ ಉಡುಗೊರೆಯಾಗಿ ಅವಳಿಗೊಂದು ಟಿ.ವಿ. ಬರುತ್ತದೆ. ಗಂಡಸರು ಕಡಲಿಗೆ ಹೋದ ಹೊತ್ತಿನಲ್ಲಿ ಊರಿನ ಹೆಂಗಸರು ಅವಳ ಮನೆಗೆ ಬಂದು ಕೂರುತ್ತಾರೆ. ಸಿನಿಮಾ ನೋಡುತ್ತಾರೆ, ನಗುತ್ತಾರೆ, ಕಷ್ಟಸುಖ ಹಂಚಿಕೊಳ್ಳುತ್ತಾರೆ. ಕೇಳುವವರಿಲ್ಲದ ಮನೆ ಹೆಂಗಸರ ಪಾಲಿಗೆ ಉಸಿರಾಡುವ ಜಾಗವಾಗುತ್ತದೆ.

ಹಾಗೆ ಬರುವವರಲ್ಲಿ ನೇತ್ರು ಎಂಬ ಹುಡುಗಿಯೂ ಒಬ್ಬಳು. ಗಂಡ ದೂರದಲ್ಲಿ, ಮನೆಯಲ್ಲಿ ಅತ್ತೆಯ ದರ್ಬಾರು. ಅವಳು ಮನಸ್ಸು ಬಿಚ್ಚಿ ಮಾತಾಡುವುದು ಗುಲಾಬಿಯ ಹತ್ತಿರ ಮಾತ್ರ. ಒಂದು ದಿನ ನೇತ್ರು ಕಾಣೆಯಾಗುತ್ತಾಳೆ. ಆಗ ಊರು ಏನು ಮಾಡಿತು? ಆ ಮನೆಯಲ್ಲಿ ಅವಳಿಗೆ ಏನಾಗಿತ್ತು ಎಂದು ಕೇಳಲಿಲ್ಲ. ಗುಲಾಬಿಯೇ ಕೆಡಿಸಿದಳು ಎಂದಿತು. 1999ರ ಕಾರ್ಗಿಲ್ ಯುದ್ಧದ ಹೊತ್ತಿನ ಧರ್ಮದ್ವೇಷವೂ ಮೀನು ವ್ಯಾಪಾರದ ಜಗಳವೂ ಜೊತೆಗೂಡಿ, ಕಡೆಗೆ ಅವಳ ಮನೆಯನ್ನು ಹಾಳುಗೆಡವಿ ಅವಳನ್ನು ಊರಿನಿಂದಲೇ ಹೊರಗಟ್ಟಿದರು.

ಗೆಳತಿಯರೇ, ಈ ಮಾತು ನಮಗೆ ಹೊಸದೇ? ವರದಕ್ಷಿಣೆಯ ಹಿಂಸೆ ತಾಳಲಾರದೆ ಒಬ್ಬ ಸೊಸೆ ತವರಿಗೆ ಹೊರಟರೆ, ಹೊಡೆತ ತಿಂದವಳೊಬ್ಬಳು ಠಾಣೆಯ ಮೆಟ್ಟಿಲು ಹತ್ತಿದರೆ, ಮೊದಲು ಕೇಳಿಬರುವ ಮಾತು ‘ಸಂಘದವರು ತಲೆ ಕೆಡಿಸಿದರು’ ಎಂಬುದು. ತೋಟ ಎಷ್ಟು ಎಕರೆ, ಅಟ್ಟದಲ್ಲಿ ಕೊಬ್ಬರಿ ಎಷ್ಟು ಎಂದು ಲೆಕ್ಕ ಹಾಕಿ ಹೆಣ್ಣಿಗೆ ಬೆಲೆ ಕಟ್ಟಿದವರ ಮೇಲೆ ಯಾರೂ ತಪ್ಪು ಹೊರಿಸುವುದಿಲ್ಲ. ಅವಳನ್ನು ಕೂರಿಸಿ ಒಂದು ಲೋಟ ನೀರು ಕೊಟ್ಟವಳ ಮೇಲೆ ಹೊರಿಸುತ್ತಾರೆ. ಈ ಅಪವಾದಕ್ಕೆ ಹೆದರಿ ಸಭೆಯಲ್ಲಿ ಉಳಿತಾಯ, ಸಾಲ, ಬಡ್ಡಿಯ ಲೆಕ್ಕ ಮುಗಿಸಿ ಎದ್ದುಹೋಗುವ ಸಂಘಗಳನ್ನು ನಾನು ನೋಡಿದ್ದೇನೆ. ಪಕ್ಕದಲ್ಲಿ ಕುಳಿತವಳ ಕೈಮೇಲಿನ ಬಾಸುಂಡೆ ಯಾರಿಗೂ ಕಂಡಿರುವುದಿಲ್ಲ!

ಕಾನೂನು ಈ ವಿಷಯದಲ್ಲಿ ನಮ್ಮ ಕಡೆಗಿದೆ. ಕೌಟುಂಬಿಕ ಹಿಂಸೆಯಿಂದ ಮಹಿಳೆಯರ ಸಂರಕ್ಷಣಾ ಕಾಯ್ದೆ 2005ರಲ್ಲಿ ಬಂತು, 2006ರ ಅಕ್ಟೋಬರ್‌ನಿಂದ ಜಾರಿಯಲ್ಲಿದೆ. ಅದರ 4ನೇ ಕಲಂ ಪ್ರಕಾರ ಹಿಂಸೆ ನಡೆದಿದೆ, ಅಥವಾ ನಡೆಯಬಹುದು ಎಂದು ನಂಬಲು ಕಾರಣವಿರುವ ಯಾರು ಬೇಕಾದರೂ ಸಂರಕ್ಷಣಾಧಿಕಾರಿಗೆ ತಿಳಿಸಬಹುದು. ಒಳ್ಳೆಯ ಉದ್ದೇಶದಿಂದ ತಿಳಿಸಿದವರ ಮೇಲೆ ಸಿವಿಲ್ ಆಗಲಿ ಕ್ರಿಮಿನಲ್ ಆಗಲಿ ಹೊಣೆ ಬರುವುದಿಲ್ಲ. 17ನೇ ಕಲಂ ಹೆಣ್ಣಿಗೆ ತಾನು ಬಾಳುತ್ತಿರುವ ಮನೆಯಲ್ಲೇ ಇರುವ ಹಕ್ಕು ಕೊಟ್ಟಿದೆ, ಮನೆ ಅವಳ ಹೆಸರಿನಲ್ಲಿ ಇಲ್ಲದಿದ್ದರೂ. ತಾಲ್ಲೂಕಿನ ಶಿಶು ಅಭಿವೃದ್ಧಿ ಯೋಜನಾಧಿಕಾರಿಯ ಕಚೇರಿಗೆ ಹೋಗಿ ಕೇಳಿ. ಅವಸರವಿದ್ದರೆ 181ಕ್ಕೆ ಫೋನ್ ಮಾಡಿ.

ಉಮಾಶ್ರೀಯವರಿಗಿಂತ ಮೊದಲು, 2004ನೇ ಸಾಲಿನಲ್ಲಿ, ಇದೇ ರಾಷ್ಟ್ರಪ್ರಶಸ್ತಿ ನಟಿ ತಾರಾ ಅವರಿಗೆ ‘ಹಸೀನಾ’ ಚಿತ್ರಕ್ಕೆ ಬಂತು. ಅಲ್ಲಿಯೂ ಗಂಡ ಬಿಟ್ಟುಹೋದ ಹೆಣ್ಣಿನ ಕಥೆ. 2021ರ ಕೊನೆಯಲ್ಲಿ ಶುರುವಾದ ‘ಪುಟ್ಟಕ್ಕನ ಮಕ್ಕಳು’ ಧಾರಾವಾಹಿಯಲ್ಲಿ ಉಮಾಶ್ರೀ ಮತ್ತೆ ಅಂಥವಳೇ ಆದರು. ಗಂಡ ಬಿಟ್ಟರೂ ಮೆಸ್ ನಡೆಸಿ ಮೂರು ಹೆಣ್ಣುಮಕ್ಕಳನ್ನು ಸಾಕುವ ಪುಟ್ಟಕ್ಕನಿಗಾಗಿ ಮನೆಮನೆಯಲ್ಲೂ ಜನ ಕಣ್ಣೊರೆಸಿಕೊಂಡರು. ತೆರೆಯ ಮೇಲಿನ ಪರಿತ್ಯಕ್ತೆಗೆ ಪ್ರಶಸ್ತಿ, ಚಪ್ಪಾಳೆ. ನಮ್ಮ ಬೀದಿಯ ಪರಿತ್ಯಕ್ತೆಗೆ ಏನಿದೆ?

ನೊಣವಿನಕೆರೆಯ ಮಗಳನ್ನು ಸನ್ಮಾನಿಸಲು ಹಾರ, ಶಾಲು ಬೇಕಿಲ್ಲ. ಮುಂದಿನ ವಾರದ ಸಭೆಯಲ್ಲಿ ಲೆಕ್ಕದ ಪುಸ್ತಕ ತೆರೆಯುವ ಮೊದಲು ಒಂದು ಪ್ರಶ್ನೆ ಕೇಳಿ: ಈ ವಾರ ಬರದೇ ಇರುವವಳು ಯಾರು, ಯಾಕೆ ಬಂದಿಲ್ಲ? ಉತ್ತರ ಗೊತ್ತಿಲ್ಲದಿದ್ದರೆ ಇಬ್ಬರು ಮೂವರು ಸೇರಿ ಅವಳ ಮನೆಗೆ ಹೋಗಿ. ಗುಲಾಬಿ ಒಂಟಿಯಾಗಿದ್ದಳು, ಅದಕ್ಕೇ ಅವಳನ್ನು ದಬ್ಬಿದರು. ನಾವು ಹತ್ತು ಹದಿನೈದು ಜನ ಇದ್ದೇವೆ.